ಡೆನ್ಮಾರ್ಕಿನ ಸಂರಕ್ಷಿತ ಪೇಟೆಮನೆಯನ್ನು ಓದುವ ಕ್ರಮ

ಕೋಪನ್‌ಹೇಗನ್ನಿಗೆ ಹೋದವರಲ್ಲಿ ಹೆಚ್ಚಿನವರು ನ್ಯೂಹಾವ್ನ್ ಕಾಲುವೆಯ ದಂಡೆಯಲ್ಲಿ ನಿಂತು, ಬಣ್ಣಬಣ್ಣದ ಮನೆಗಳ ಸಾಲನ್ನು ಬೆನ್ನಿಗಿಟ್ಟುಕೊಂಡು ಒಂದು ಫೋಟೋ ತೆಗೆಸಿಕೊಂಡು ಮುಂದೆ ನಡೆಯುತ್ತಾರೆ. ಆ ಸಾಲಿನ 9ನೇ ಸಂಖ್ಯೆಯ ಮನೆ 1681ರದು, ಅಲ್ಲಿರುವವುಗಳಲ್ಲೆಲ್ಲ ಹಳೆಯದು. ಅದರ ಅಕ್ಕಪಕ್ಕದ ಮನೆಗಳಿಗೆ ಒಂದೊಂದಕ್ಕೂ ಒಂದೊಂದು ವಯಸ್ಸು. ಈ ವ್ಯತ್ಯಾಸವನ್ನು ಬರಿಗಣ್ಣಿನಿಂದಲೇ ಗುರುತಿಸಬಹುದು. ಅದಕ್ಕೆ ವಾಸ್ತುಶಿಲ್ಪದ ಪದವಿ ಬೇಕಿಲ್ಲ, ನೋಡುವುದಕ್ಕೊಂದು ಕ್ರಮ ಬೇಕು, ಆ ಮೇಲೆ ಸ್ವಲ್ಪ ಕಾಗದಪತ್ರಗಳ ತಾಳ್ಮೆ ಬೇಕು. ಆ ಕ್ರಮವನ್ನು ಇಲ್ಲಿ ವಿವರಿಸುತ್ತೇನೆ. ಒಂದು ಮಾತನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು: ಇಂತಹ ಮನೆಗಳಲ್ಲಿ ಬೀದಿಗೆ ಕಾಣುವ ಗೋಡೆಯೇ ಎಷ್ಟೋ ಸಲ ಎಲ್ಲಕ್ಕಿಂತ ಕಿರಿಯ ಭಾಗವಾಗಿರುತ್ತದೆ. ಮುಖ ನೋಡಿ ಮಣೆ ಹಾಕಿದರೆ ನೂರು ವರ್ಷದ ಲೆಕ್ಕ ತಪ್ಪುತ್ತದೆ.

ಮನೆ ಸಂರಕ್ಷಿತವೇ ಎಂದು ಖಚಿತಪಡಿಸಿಕೊಳ್ಳುವುದು

ಡೇನಿಷ್ ಭಾಷೆಯಲ್ಲಿ ಇದಕ್ಕೆ ಎರಡು ಮಾತುಗಳಿದ್ದು, ಎರಡರ ಅರ್ಥವೂ ಒಂದೇ ಎಂದು ಭಾವಿಸಬಾರದು. ‘ಫ್ರೆಡೆತ್’ ಎಂದರೆ ಸಂಸ್ಕೃತಿ ಸಚಿವಾಲಯದ ಆಡಳಿತದಡಿ, ಕಾಯಿದೆಯ ಬಲದಿಂದ ಸಂರಕ್ಷಿತವಾದ ಕಟ್ಟಡ. ಇದರಲ್ಲಿ ಹೊರಗೋಡೆಯಿಂದ ಹಿಡಿದು ಒಳಗಿನ ಮೆಟ್ಟಿಲು, ಬಾಗಿಲು, ಗೋಡೆಯ ಹಲಗೆಹೊದಿಕೆ, ನೆಲದ ಹಲಗೆಯವರೆಗೆ ಎಲ್ಲವೂ ಸೇರುತ್ತದೆ. ‘ಬೆವಾರಿಂಗ್ಸ್‌ವೆರ್ದಿ’ ಎಂದರೆ ಉಳಿಸಿಕೊಳ್ಳಲು ಯೋಗ್ಯವೆಂದು ನಗರಸಭೆ ಗುರುತಿಸಿದ ಕಟ್ಟಡ. ಅಲ್ಲಿ ಹೊರರೂಪಕ್ಕಷ್ಟೇ ಕಾವಲು, ಒಳಗೆ ಏನು ಬದಲಿಸಿದರೂ ಕೇಳುವವರಿಲ್ಲ. ಮೊದಲ ಬಗೆಯವು ದೇಶದಲ್ಲಿ ಸುಮಾರು 7,000 ಇವೆ, ಎರಡನೆಯವು ಅದರ ಹತ್ತಾರು ಪಟ್ಟು. ಮನೆಯ ಬಾಗಿಲ ಬಳಿ ಸಂರಕ್ಷಣೆಯ ಫಲಕ ಕಾಣದಿದ್ದರೆ ನಿರಾಶರಾಗಬೇಕಿಲ್ಲ, ಎಷ್ಟೋ ಸಂರಕ್ಷಿತ ಮನೆಗಳ ಮೇಲೆ ಅದು ಇರುವುದೇ ಇಲ್ಲ.

ನಂಬಬೇಕಾದದ್ದು ಎರಡೂ ಬಗೆಯ ಕಟ್ಟಡಗಳ ಅಧಿಕೃತ ದತ್ತಾಂಶಕೋಶವನ್ನು. ‘ಎಫ್‌ಬಿಬಿ’ ಎಂಬ ಹೆಸರಿನ ಇದು ಅಂತರ್ಜಾಲದಲ್ಲಿ ಎಲ್ಲರಿಗೂ ತೆರೆದಿದೆ. ರಸ್ತೆಯ ಹೆಸರು ಮತ್ತು ಮನೆಯ ಸಂಖ್ಯೆ ಕೊಟ್ಟರೆ ಯಾವ ವರ್ಷ ಸಂರಕ್ಷಣೆಗೆ ಬಂತು, ಆವರಣದ ಯಾವ ಯಾವ ಭಾಗ ಅದರಲ್ಲಿ ಸೇರಿದೆ ಎಂಬುದು ಸಿಗುತ್ತದೆ. 1918 ಎಂಬ ಇಸವಿ ಪದೇ ಪದೇ ಕಂಡರೆ ಅಚ್ಚರಿಯಿಲ್ಲ, ಡೆನ್ಮಾರ್ಕಿನ ಮೊದಲ ಕಟ್ಟಡ ಸಂರಕ್ಷಣಾ ಕಾಯಿದೆ ಜಾರಿಗೆ ಬಂದದ್ದು ಆ ವರ್ಷ. ಇದಲ್ಲದೆ 2010ರಿಂದ 2016ರವರೆಗೆ ಹಳೆಯ ಸಂರಕ್ಷಿತ ಕಟ್ಟಡಗಳನ್ನೆಲ್ಲ ಮತ್ತೊಮ್ಮೆ ಪರಿಶೀಲಿಸಿ, ಪರಿಸರದ ಮೌಲ್ಯ, ಸಾಂಸ್ಕೃತಿಕ ಇತಿಹಾಸದ ಮೌಲ್ಯ, ವಾಸ್ತುಶಿಲ್ಪದ ಮೌಲ್ಯ ಎಂಬ ಮೂರು ತಲೆಬರಹಗಳಡಿ ವಿವರಣೆ ಬರೆದಿಟ್ಟಿದ್ದಾರೆ. ಈ ವಿವರಣೆ ಡೇನಿಷಿನಲ್ಲಿದ್ದರೂ ಯಂತ್ರಾನುವಾದದಲ್ಲಿ ಅರ್ಥವಾಗುವಷ್ಟು ಸರಳವಾಗಿದೆ. ನನ್ನ ಸಲಹೆ ಏನೆಂದರೆ, ಮನೆಯನ್ನು ಸ್ವತಃ ನೋಡಿ, ನಿಮ್ಮ ಊಹೆಗಳನ್ನು ಬರೆದಿಟ್ಟುಕೊಂಡ ನಂತರವೇ ಅದನ್ನು ಓದಿ. ಉತ್ತರ ನೋಡಿಕೊಂಡು ಲೆಕ್ಕ ಮಾಡುವುದರಲ್ಲಿ ಯಾವ ಸ್ವಾರಸ್ಯವೂ ಇಲ್ಲ.

ಎದುರು ಬದಿಯ ಕಾಲುದಾರಿಯಿಂದ

ಕೋಪನ್‌ಹೇಗನ್ನಿನ ಹಳೆಯ ಭಾಗದಲ್ಲಿ ಮನೆಯ ವಯಸ್ಸನ್ನು ಅಳೆಯಲು ಮೂರು ಅನಾಹುತಗಳ ಇಸವಿಗಳು ನೆನಪಿದ್ದರೆ ಸಾಕು. 1728ರ ಅಕ್ಟೋಬರ್ 20ರ ಸಂಜೆ ಹೊತ್ತಿದ ಬೆಂಕಿ 23ರ ಬೆಳಿಗ್ಗೆಯವರೆಗೆ ಉರಿದು ನಗರದ ಕಾಲುಭಾಗಕ್ಕೂ ಹೆಚ್ಚನ್ನು ತಿಂದುಹಾಕಿತು. ಮಧ್ಯಯುಗದ ಹಳೆಯ ಪೇಟೆಯಂತೂ ಹೆಚ್ಚುಕಡಿಮೆ ಅರ್ಧ ಹೋಯಿತು. 1795ರ ಜೂನ್ 5ರಿಂದ 7ರವರೆಗೆ ಮತ್ತೆ ಬೆಂಕಿ ಬಿದ್ದು 900ಕ್ಕೂ ಹೆಚ್ಚು ಮನೆಗಳು ಸುಟ್ಟವು. 1807ರ ಸೆಪ್ಟೆಂಬರ್ ಆರಂಭದಲ್ಲಿ ಬ್ರಿಟಿಷ್ ಸೇನೆ ನಗರದ ಮೇಲೆ ಗುಂಡಿನ ಮಳೆ ಸುರಿಸಿತು. ಹೀಗಾಗಿ ಪೇಟೆಯ ನಡುವೆ 1728ಕ್ಕಿಂತ ಹಳೆಯ ಮನೆ ಸಿಕ್ಕರೆ ಅದು ಅಪರೂಪದ ವಸ್ತು. ಅಮಾಯೆರ್‌ತೋರ್ವ್ ಚೌಕದ 6ನೇ ಸಂಖ್ಯೆಯ ಮನೆ ಅಂಥದ್ದು. 1616ರಲ್ಲಿ ಮತಿಯಾಸ್ ಹಾನ್ಸೆನ್ ಎಂಬಾತ ಕಟ್ಟಿಸಿದ, ಕೆಂಪು ಇಟ್ಟಿಗೆಯ ಗೋಡೆಗೆ ತಿಳಿಬಣ್ಣದ ಮರಳುಗಲ್ಲಿನ ಅಲಂಕಾರವಿರುವ ಈ ಡಚ್ ಶೈಲಿಯ ಮನೆ ಎರಡೂ ಬೆಂಕಿಗಳಿಂದ ಪಾರಾಗಿದೆ.

1728ರ ಬೆಂಕಿಯ ನಂತರ ಎದ್ದ ಮನೆಗಳನ್ನು ಡೇನರು ‘ಇಲೆಬ್ರಾನ್ಸ್‌ಹೂಸ್’ ಎಂದು, ಅಂದರೆ ಬೆಂಕಿಮನೆ ಎಂದು ಕರೆಯುತ್ತಾರೆ. ಅವುಗಳಿಗೆ ಮಾದರಿ ನಕ್ಷೆ ಹಾಕಿಕೊಟ್ಟವನು ಆಸ್ಥಾನದ ವಾಸ್ತುಶಿಲ್ಪಿ ಯೋಹಾನ್ ಕೊರ್ನೇಲಿಯುಸ್ ಕ್ರೀಗರ್. ಗ್ರೋಬ್ರೋದ್ರೆತೋರ್ವ್ ಚೌಕದ ಒಂದು ಬದಿಯಲ್ಲಿ ಇಂತಹ ಮನೆಗಳ ಸಾಲು ಇವತ್ತಿಗೂ ಒಟ್ಟಾಗಿ ನಿಂತಿದೆ. ಅಭ್ಯಾಸ ಶುರು ಮಾಡಲು ಇದಕ್ಕಿಂತ ಒಳ್ಳೆಯ ಜಾಗ ನನಗೆ ಗೊತ್ತಿಲ್ಲ. ಮನೆಗಳು ಕಿರಿದು, ಬೀದಿಗೆ ನಾಲ್ಕೈದು ಕಿಟಕಿಗಳ ಅಗಲ, ನೆಲಮಾಳಿಗೆಯ ಮೇಲೆ ಎರಡು ಮೂರು ಅಂತಸ್ತು. ಎಲ್ಲಕ್ಕಿಂತ ಮೇಲೆ, ಚಾವಣಿಯ ನಡುಭಾಗದಿಂದ ಬೀದಿಯತ್ತ ಎದ್ದು ನಿಂತ, ತ್ರಿಕೋನದ ತಲೆಯಿರುವ ಗಿಡ್ಡ ಮೇಲಂತಸ್ತು. ‘ಗೌಲ್‌ಕ್ವಿಸ್ಟ್’ ಎನ್ನುವ ಈ ಭಾಗವೇ ಬೆಂಕಿಮನೆಯ ಗುರುತಿನ ಚೀಟಿ.

1795ರ ನಂತರದ್ದನ್ನು ಗುರುತಿಸುವುದು ಇನ್ನೂ ಸುಲಭ. ಕೂಡುರಸ್ತೆಗೆ ಹೋಗಿ ಮೂಲೆಯ ಮನೆಗಳನ್ನು ನೋಡಿ. ಗೋಡೆ ಲಂಬಕೋನದಲ್ಲಿ ತಿರುಗುವ ಬದಲು, ಮೂಲೆಯನ್ನೇ ಓರೆಯಾಗಿ ಕತ್ತರಿಸಿದಂತಿರುತ್ತದೆ, ನಾಲ್ಕೂ ಮೂಲೆ ಹಾಗಿದ್ದರೆ ಕೂಡುರಸ್ತೆಯೇ ಎಂಟು ಬದಿಯ ಪುಟ್ಟ ಚೌಕದಂತಾಗುತ್ತದೆ. ಬೆಂಕಿ ಆರಿಸುವವರು ಉದ್ದನೆಯ ಏಣಿಗಳನ್ನು ಹೊತ್ತು ತಿರುವಿನಲ್ಲಿ ಸಿಕ್ಕಿಹಾಕಿಕೊಳ್ಳಬಾರದೆಂದು ಯೋರ್ಗೆನ್ ಹೆನ್ರಿಕ್ ರಾವೆರ್ಟ್ ಮತ್ತು ಪೀಟರ್ ಮೇಯ್ನ್ ರೂಪಿಸಿದ ಹೊಸ ನಗರ ಯೋಜನೆಯಲ್ಲಿ ಈ ಕಟ್ಟಳೆ ಬಂತು. ಆ ಕಾಲದ ಮನೆಗಳ ಮುಖಗೋಡೆ ಸಪಾಟಾಗಿದ್ದು, ಗಾರೆ ಮೆತ್ತಿ ಬಣ್ಣ ಬಳಿದದ್ದಾಗಿರುತ್ತದೆ. ಅಲಂಕಾರವೆಂದರೆ ಕಿಟಕಿಗಳ ಮೇಲೊಂದು ತೆಳುವಾದ ಪಟ್ಟಿ, ಸೂರಿನ ಕೆಳಗೊಂದು ಹಲ್ಲುಸಾಲು, ಅಷ್ಟೆ. ಸುಟ್ಟ ಊರನ್ನು ಬೇಗ ಕಟ್ಟಬೇಕಾದಾಗ ಕೆತ್ತನೆಗೆ ಯಾರ ಬಳಿ ಹಣವಿತ್ತು?

ಇಷ್ಟು ನೋಡಿದ ಮೇಲೆ ರಸ್ತೆ ದಾಟಿ ಒಂದು ಕಿಟಕಿಯ ಹತ್ತಿರ ಹೋಗಿ. ನಡುವೆ ಒಂದು ನಿಲುವು ಮರ, ಅದಕ್ಕೆ ಅಡ್ಡಲಾಗಿ ಮೇಲಿನ ಮೂರನೇ ಒಂದು ಭಾಗದಲ್ಲಿ ಇನ್ನೊಂದು ಮರ. ಎರಡೂ ಸೇರಿ ಶಿಲುಬೆಯ ಆಕಾರ. ಶಿಲುಬೆಯ ಗುರುತಿರುವ ಡೇನಿಷ್ ಬಾವುಟಕ್ಕೆ ‘ದಾನೆಬ್ರೋ’ ಎಂಬ ಹೆಸರಿರುವುದರಿಂದ ಇದಕ್ಕೂ ದಾನೆಬ್ರೋ ಕಿಟಕಿ ಎಂದೇ ಹೆಸರು. ಕಿಟಕಿಯ ಮರ ಗೋಡೆಯ ಹೊರಮೈಗೆ ಸಮನಾಗಿ ಕೂತಿದ್ದರೆ 18ನೇ ಶತಮಾನದ ಪದ್ಧತಿ ಎಂದು ಊಹಿಸಬಹುದು. ಒಳಕ್ಕೆ ಸರಿದು ಕೂತಿದ್ದರೆ ಸಾಮಾನ್ಯವಾಗಿ ನಂತರದ್ದು. ಕದಗಳು ಹೊರಕ್ಕೆ ತೆರೆಯುತ್ತವೆ, ಇದರಲ್ಲೊಂದು ಜಾಣತನವಿದೆ: ಸಮುದ್ರದ ಗಾಳಿ ಬೀಸಿದಷ್ಟೂ ಕದ ಚೌಕಟ್ಟಿಗೆ ಇನ್ನಷ್ಟು ಒತ್ತಿಕೊಂಡು ಬಿಗಿಯಾಗುತ್ತದೆ. ಈಗ ತಲೆಯನ್ನು ನಿಧಾನವಾಗಿ ಎಡದಿಂದ ಬಲಕ್ಕೆ ಸರಿಸುತ್ತ ಗಾಜಿನಲ್ಲಿ ಎದುರು ಮನೆಯ ಪ್ರತಿಬಿಂಬವನ್ನು ನೋಡಿ. ಪ್ರತಿಬಿಂಬದ ಗೆರೆಗಳು ನೀರಿನಲ್ಲಿ ನಡುಗಿದಂತೆ ಅಲುಗಿದರೆ ಅದು ಬಾಯಿಂದ ಊದಿ ಮಾಡಿದ ಹಳೆಯ ಗಾಜು. ಕನ್ನಡಿಯಂತೆ ನೆಟ್ಟಗೆ ನಿಂತರೆ ಕಾರ್ಖಾನೆಯ ಹೊಸ ಗಾಜು. ಒಂದೇ ಕಿಟಕಿಯ ಎಂಟು ಗಾಜುಗಳಲ್ಲಿ ಎರಡು ಮಾತ್ರ ಅಲುಗುವುದೂ ಉಂಟು, ಒಡೆದದ್ದನ್ನು ಒಡೆದಾಗ ಬದಲಿಸಿದ್ದಾರೆ ಎಂದು ಅರ್ಥ. ಅದರ ಹಿಂದೆ ಒಂದು ಅಂಗೈಯಷ್ಟು ಅಂತರ ಬಿಟ್ಟು ಇನ್ನೊಂದು ಕಿಟಕಿ ಕಂಡರೆ ಗೊಂದಲ ಬೇಡ. ಸಂರಕ್ಷಿತ ಮನೆಯಲ್ಲಿ ಹಳೆಯ ಕಿಟಕಿ ಕಿತ್ತು ಎರಡು ಪದರದ ಗಾಜು ಹಾಕಲು ಸಾಮಾನ್ಯವಾಗಿ ಅನುಮತಿ ಸಿಗುವುದಿಲ್ಲವಾದ್ದರಿಂದ, ಚಳಿಗಾಲದ ಶೀತ ತಡೆಯಲು ಒಳಗಡೆಯಿಂದ ಎರಡನೆಯ ಕಿಟಕಿ ಕೂರಿಸುತ್ತಾರೆ.

ಬಣ್ಣದ ಬಗ್ಗೆಯೂ ಒಂದು ಮಾತು. ನಮ್ಮ ಹಳೆಯ ಮನೆಗಳಂತೆ ಅಲ್ಲಿಯೂ ಗೋಡೆಗೆ ಬಳಿಯುತ್ತಿದ್ದುದು ಸುಣ್ಣ. ಅದಕ್ಕೆ ಹಳದಿ ಕಾವಿಮಣ್ಣನ್ನೋ ಕಬ್ಬಿಣದ ಲವಣವನ್ನೋ ಬೆರೆಸಿದಾಗ ಬರುವ ಬೆಚ್ಚನೆಯ ಹಳದಿಯೇ ಡೆನ್ಮಾರ್ಕಿನ ಪೇಟೆಬೀದಿಗಳ ಬಣ್ಣ. ಮರಕ್ಕೆ ಅಗಸೆ ಎಣ್ಣೆಯ ಬಣ್ಣ. ಪ್ಲಾಸ್ಟಿಕ್ ಬಣ್ಣ ಬಳಿದರೆ ಇಟ್ಟಿಗೆಯೊಳಗಿನ ತೇವ ಹೊರಬರಲಾಗದೆ ಗಾರೆ ಹಪ್ಪಳದಂತೆ ಉಬ್ಬಿ ಉದುರುತ್ತದೆ. ಸಂರಕ್ಷಣೆಯ ಅಧಿಕಾರಿಗಳು ಬಣ್ಣದ ವಿಷಯದಲ್ಲಿ ಅಷ್ಟು ಕಟ್ಟುನಿಟ್ಟಾಗಿರುವುದಕ್ಕೆ ಅಂದದಷ್ಟೇ ಇದೂ ಕಾರಣ. ಚಾವಣಿಯ ಹೆಂಚನ್ನು ನೋಡಿದರೆ ನಮ್ಮ ಮಂಗಳೂರು ಹೆಂಚಿಗಿಂತ ಬೇರೆ ಎಂದು ತಕ್ಷಣ ತಿಳಿಯುತ್ತದೆ. ಅದು ಅಲೆಯಂತೆ ಬಾಗಿದ್ದು, ಒಂದರ ಏರು ಪಕ್ಕದ್ದರ ಇಳಿಯನ್ನು ಮುಚ್ಚುತ್ತದೆ.

ಕೆಳ ಅಂತಸ್ತಿನಲ್ಲಿ ದೊಡ್ಡ ದೊಡ್ಡ ಗಾಜಿನ ಅಂಗಡಿ ಕಿಟಕಿಗಳಿದ್ದರೆ ಅವನ್ನು ಲೆಕ್ಕಕ್ಕೆ ಹಿಡಿಯಬೇಡಿ. ಅವು ಬಹುಪಾಲು 19ನೇ ಶತಮಾನದ ಉತ್ತರಾರ್ಧದಲ್ಲಿ, ಮೇಲಿನ ಗೋಡೆಯ ಭಾರವನ್ನು ಎರಕದ ಕಬ್ಬಿಣದ ಕಂಬಗಳ ಮೇಲೆ ಹೊರಿಸಿ ತೆರೆದಂಥವು.

ಹೆಬ್ಬಾಗಿಲು ದಾಟಿದ ಮೇಲೆ

ಅನುಮತಿಯಿಲ್ಲದೆ ಒಳಗೆ ಹೋಗಬಾರದು, ಅಲ್ಲಿ ಜನ ಸಂಸಾರ ಮಾಡಿಕೊಂಡಿದ್ದಾರೆ. ಕೆಳಗೆ ಅಂಗಡಿಯೋ ಹೋಟೆಲೋ ಇದ್ದರೆ ಅವರನ್ನು ಕೇಳಬಹುದು. ಅಕ್ಟೋಬರಿನಲ್ಲಿ ನಡೆಯುವ ಕೋಪನ್‌ಹೇಗನ್ ಸಂಸ್ಕೃತಿ ರಾತ್ರಿಯಂದು ಸಾಮಾನ್ಯವಾಗಿ ಮುಚ್ಚಿರುವ ಹಲವು ಬಾಗಿಲುಗಳು ತೆರೆಯುತ್ತವೆ. ಹೇಗಾದರೂ ಸರಿ, ಒಳ ಅಂಗಳವನ್ನು ನೋಡದೆ ಮನೆಯ ವಯಸ್ಸಿನ ಬಗ್ಗೆ ತೀರ್ಮಾನಕ್ಕೆ ಬರಬೇಡಿ.

ಪೇಟೆಮನೆ ಎಂದರೆ ಒಂದೇ ಕಟ್ಟಡವಲ್ಲ. ಬೀದಿಗೆ ತಾಗಿದ್ದು ‘ಫೋರ್‌ಹೂಸ್’, ಮುಂಮನೆ. ಅದರ ಒಂದು ತುದಿಯಿಂದ ನಿವೇಶನದ ಉದ್ದಕ್ಕೂ ಹಿಂದಕ್ಕೆ ಚಾಚಿದ ಕಿರಿದಾದ ರೆಕ್ಕೆ ‘ಸೀದೆಹೂಸ್’, ಪಕ್ಕದ ಮನೆ. ಕೊನೆಯಲ್ಲಿ ಅಂಗಳವನ್ನು ಮುಚ್ಚುವಂತೆ ಅಡ್ಡಲಾಗಿ ನಿಂತದ್ದು ‘ಬಾಗ್‌ಹೂಸ್’, ಹಿಂಮನೆ. ಈ ರೆಕ್ಕೆಗಳ ಗೋಡೆಯನ್ನು ನೋಡಿದರೆ ಬೀದಿಗೋಡೆಯ ಬಣ್ಣ ಬಯಲಾಗುತ್ತದೆ. ಬೀದಿಗೆ ಗಟ್ಟಿ ಇಟ್ಟಿಗೆಯ ಗೋಡೆ ತೋರಿಸಿದ ಮನೆಯೇ ಅಂಗಳದ ಕಡೆಗೆ ಮರದ ಚೌಕಟ್ಟು ಕಟ್ಟಿ, ನಡುವಿನ ಖಾಲಿ ಜಾಗಕ್ಕೆ ಇಟ್ಟಿಗೆ ತುಂಬಿದ ‘ಬಿಂದಿಂಗ್ಸ್‌ವೆರ್ಕ್’ ಗೋಡೆಯಾಗಿರುತ್ತದೆ. 1728ರ ನಂತರ ಬೆಂಕಿಯ ಭಯದಿಂದ ಇಟ್ಟಿಗೆಯನ್ನು ಕಡ್ಡಾಯ ಮಾಡಿದ್ದರು, ಆದರೆ ಸುಟ್ಟು ಬೂದಿಯಾದವರ ಬಳಿ ಇಟ್ಟಿಗೆಗೆ ಹಣವಿರಲಿಲ್ಲ. ನಿಯಮ ಬಹುಬೇಗ ಸಡಿಲವಾಯಿತು. 1795ರ ನಂತರವೂ ಬೀದಿಗೆ ಇಟ್ಟಿಗೆ, ಹಿತ್ತಿಲಿಗೆ ಮರ ಎಂಬ ಹೊಂದಾಣಿಕೆ ಎಷ್ಟೋ ಕಡೆ ಮುಂದುವರಿಯಿತು. ಮರದ ನಿಲುವುಗಳಲ್ಲಿ ಎಲ್ಲಿಗೂ ಸೇರದ ತೂತು, ಕಚ್ಚುಗಳು ಕಂಡರೆ ಅವು ಬೇರೊಂದು ಹಳೆಯ ಮನೆಯಿಂದ ಬಿಚ್ಚಿ ತಂದು ಮತ್ತೆ ಬಳಸಿದ ಮರಗಳಿರಬಹುದು.

ಅಂಗಳ ಇಷ್ಟೊಂದು ಇಕ್ಕಟ್ಟಾಗಿರುವುದಕ್ಕೂ ಕಾರಣವಿದೆ. ಕೋಟೆಯ ಹೊರಗೆ, ಸೇನೆ ಗುರುತಿಸಿದ ಗಡಿಯೊಳಗೆ, ಕಾಯಂ ಮನೆ ಕಟ್ಟಲು 1852ರವರೆಗೆ ಅವಕಾಶವಿರಲಿಲ್ಲ. ಜನ ಹೆಚ್ಚುತ್ತ ಹೋದಂತೆ ಮನೆಗಳು ಮೇಲಕ್ಕೆ ಬೆಳೆದವು, ಇಲ್ಲವೇ ಅಂಗಳದೊಳಕ್ಕೆ ಬೆಳೆದವು. ಅನೇಕ ಬೆಂಕಿಮನೆಗಳು ತಮ್ಮ ತ್ರಿಕೋನ ತಲೆಯನ್ನು ಕಳೆದುಕೊಂಡು, ಅದರ ಜಾಗದಲ್ಲಿ ಪೂರ್ತಿ ಅಂತಸ್ತು ಪಡೆದದ್ದು ಹೀಗೆ. ಮೇಲಿನ ಅಂತಸ್ತಿನ ಕಿಟಕಿಗಳು ಕೆಳಗಿನವಕ್ಕಿಂತ ಗಿಡ್ಡವಾಗಿ, ನಡುವಿನ ಪಟ್ಟಿ ಬೇರೆ ರೀತಿಯದಾಗಿ ಕಂಡರೆ ಈ ಏರಿಕೆಯನ್ನು ಶಂಕಿಸಬೇಕು. ಕೊಳಚೆ, ಬಾವಿ, ಪಾಯಿಖಾನೆ ಎಲ್ಲವೂ ಇದ್ದದ್ದು ಆ ಒಂದೇ ಅಂಗಳದಲ್ಲಿ. 1853ರಲ್ಲಿ ಕಾಲರಾ ಬಂದಾಗ ನಗರದಲ್ಲಿ 4,700ಕ್ಕೂ ಹೆಚ್ಚು ಮಂದಿ ಸತ್ತರು. 20ನೇ ಶತಮಾನದಲ್ಲಿ ಗಾಳಿ ಬೆಳಕಿಗಾಗಿ ಬಹಳಷ್ಟು ಹಿಂಮನೆಗಳನ್ನು ಕೆಡವಿ ಅಂಗಳಗಳನ್ನು ಒಂದುಗೂಡಿಸಿದರು. ಆದ್ದರಿಂದ ಅಂಗಳ ವಿಶಾಲವಾಗಿದ್ದರೆ, ಅಲ್ಲಿ ಹಿಂದೆ ಏನೋ ಇತ್ತು ಎಂದುಕೊಂಡು ಹುಡುಕಿ.

ಒಳಗೆ ಕಾಲಿಡುವ ಅದೃಷ್ಟವಿದ್ದರೆ ಮೊದಲು ಮೆಟ್ಟಿಲುಗಳನ್ನು ಹುಡುಕಿ. ಎರಡು ಮೆಟ್ಟಿಲುಗಳಿರುತ್ತವೆ: ಯಜಮಾನರಿಗೂ ಅತಿಥಿಗಳಿಗೂ ಅಗಲವಾದದ್ದು, ಸೌದೆ, ನೀರು, ಕಸ ಹೊರುವ ಆಳುಗಳಿಗೆ ಹಿಂದೆ ಅಡುಗೆಮನೆಗೆ ತಾಗಿಕೊಂಡ ಕಡಿದಾದದ್ದು. ಬೀದಿಯ ಕಡೆಗೆ ದೊಡ್ಡ ಕೋಣೆಗಳು, ಅಂಗಳದ ಕಡೆಗೆ ಅಡುಗೆ. ಮುಂಮನೆಯೂ ಪಕ್ಕದ ಮನೆಯೂ ಕೂಡುವ ಮೂಲೆಯಲ್ಲಿ, ಹಲವು ಸಲ ಅಂಗಳಕ್ಕೆ ಒಂದೇ ಕಿಟಕಿಯಿರುವ, ಅರೆಗತ್ತಲೆಯ ಊಟದ ಕೋಣೆ. ಮನೆಯ ಸಿರಿಯನ್ನು ಅಳೆಯಲು ಮೊದಲ ಮಹಡಿಯ ಬೀದಿಕೋಣೆ ಸಾಕು. ಮಾಡಿನ ಗಾರೆ ಕೆತ್ತನೆ, ಕಿಟಕಿಯ ಕೆಳಗಿನ ಹಲಗೆಹೊದಿಕೆ, ಜೋಡಿ ಬಾಗಿಲು, ಎಲ್ಲವೂ ಅಲ್ಲಿ ಅತ್ಯುತ್ತಮವಾಗಿದ್ದು ಮೇಲೆ ಹೋದಂತೆ ಸಪ್ಪೆಯಾಗುತ್ತವೆ. 18ನೇ ಶತಮಾನದ ಕೊನೆಯ ದಶಕಗಳ ಸಿರಿವಂತಿಕೆಯನ್ನು ನೋಡುವಾಗ ಅದು ಎಲ್ಲಿಂದ ಬಂತೆಂಬುದೂ ನೆನಪಿರಲಿ. ಡೇನರ ವೆಸ್ಟ್ ಇಂಡೀಸ್ ದ್ವೀಪಗಳಲ್ಲಿ ಗುಲಾಮರ ದುಡಿಮೆಯಿಂದ ಬಂದ ಸಕ್ಕರೆ, ಚೀನಾದ ಚಹಾ, 1620ರಿಂದ 1845ರವರೆಗೆ ಅವರ ಕೈಯಲ್ಲಿದ್ದ ನಮ್ಮ ಪಕ್ಕದ ತಮಿಳುನಾಡಿನ ತರಂಗಂಬಾಡಿಯ ಬಟ್ಟೆ, ಇವೆಲ್ಲ ಇಳಿಯುತ್ತಿದ್ದುದು ಇದೇ ಬಂದರಿನಲ್ಲಿ.

ನೆಲಮಾಳಿಗೆಗೆ ಇಳಿಯಲು ಬಿಟ್ಟರೆ ಬಿಡಬೇಡಿ. ಬೆಂಕಿ ಮೇಲಿನದನ್ನು ಸುಡುತ್ತದೆ, ನೆಲದೊಳಗಿನ ಗೋಡೆ ಉಳಿಯುತ್ತದೆ. ಹಳೆಯ ನೆಲಮಾಳಿಗೆಯ ಮೇಲೆಯೇ ಹೊಸ ಮನೆ ಎಬ್ಬಿಸಿದವರು ಬಹಳ. ಇಟ್ಟಿಗೆಗಳು ಸಾಧಾರಣಕ್ಕಿಂತ ದಪ್ಪವಾಗಿ, ಸುಮಾರು 28 ಸೆಂಟಿಮೀಟರ್ ಉದ್ದ, 8ರಿಂದ 9 ಸೆಂಟಿಮೀಟರ್ ಎತ್ತರವಿದ್ದರೆ ಅವು ‘ಸನ್ಯಾಸಿ ಇಟ್ಟಿಗೆ’ ಎಂದು ಕರೆಯುವ ಮಧ್ಯಯುಗದ ಇಟ್ಟಿಗೆಗಳು. ಗ್ರೋಬ್ರೋದ್ರೆತೋರ್ವ್ ಎಂಬ ಹೆಸರಿಗೇ ಬೂದುವಸ್ತ್ರದ ಸೋದರರ ಚೌಕ ಎಂದರ್ಥ; 1238ರಲ್ಲಿ ಸ್ಥಾಪನೆಯಾದ ಫ್ರಾನ್ಸಿಸ್ಕನ್ ಮಠ ಅಲ್ಲಿತ್ತು, ಅದರ ನೆಲಮಾಳಿಗೆಯ ಅವಶೇಷ ಇಂದಿಗೂ ಚೌಕದ ಬದಿಯ ಕಟ್ಟಡದಡಿ ಉಳಿದಿದೆ.

ಕಥೆಗಳನ್ನು ಇಸವಿಯೊಡನೆ ತಾಳೆ ನೋಡುವುದು

ಹಳೆಯ ಮನೆಗೆ ಒಂದು ಕಥೆ ಇದ್ದೇ ಇರುತ್ತದೆ. ಉತ್ತರದ ಓಲ್‌ಬೋರ್ಗ್ ಪಟ್ಟಣದಲ್ಲಿ ಯೆನ್ಸ್ ಬಾಂಗ್ ಎಂಬ ವರ್ತಕ 1624ರಲ್ಲಿ ಕಟ್ಟಿಸಿದ ಇಟ್ಟಿಗೆಯ ಭಾರೀ ಮನೆಯಿದೆ. ಅದರ ದಕ್ಷಿಣದ ಗೋಡೆಯಲ್ಲಿ ಮರಳುಗಲ್ಲಿನಲ್ಲಿ ಕೆತ್ತಿದ ಮುಖವೊಂದು ಪುರಭವನದ ಕಡೆಗೆ ನಾಲಿಗೆ ಚಾಚಿ ಅಣಕಿಸುತ್ತದೆ. ಊರಿನಲ್ಲೆಲ್ಲ ಶ್ರೀಮಂತನಾದರೂ ತನ್ನನ್ನು ಪುರಸಭೆಗೆ ಸೇರಿಸಿಕೊಳ್ಳಲಿಲ್ಲವೆಂಬ ಸಿಟ್ಟಿಗೆ ಬಾಂಗ್ ತನ್ನದೇ ಮುಖ ಕೆತ್ತಿಸಿದ ಎಂದು ಅಲ್ಲಿಯವರು ಹೇಳುತ್ತಾರೆ. ಕೇಳಲು ಚೆನ್ನಾಗಿದೆ. ಆದರೆ ಇಂದು ಅಲ್ಲಿ ಕಾಣುವ ಹಳದಿ ಪುರಭವನ ಮುಗಿದದ್ದು 1762ರಲ್ಲಿ, ನಾಲಿಗೆ ಚಾಚಿ ನೂರಕ್ಕೂ ಹೆಚ್ಚು ವರ್ಷಗಳಾದ ಮೇಲೆ. ಇದರಿಂದ ಕಥೆ ಸುಳ್ಳಾಗುವುದಿಲ್ಲ, ನಾಲಿಗೆಯ ಗುರಿ ಈ ಕಟ್ಟಡವಲ್ಲ ಎಂಬುದಷ್ಟೇ ಸ್ಪಷ್ಟವಾಗುತ್ತದೆ. ಯಾವ ಕಥೆ ಕೇಳಿದರೂ ಇಷ್ಟು ಲೆಕ್ಕ ಹಾಕಿ ಬರೆದುಕೊಳ್ಳಿ.

ಕಾಗದಪತ್ರ

ಇಲ್ಲಿ ಹೊಸಬರು ಎಡವುವುದು ಮನೆಯ ಸಂಖ್ಯೆಯಲ್ಲಿ. ನಾನೂ ಮೊದಲ ಸಲ ಇಂದಿನ ಸಂಖ್ಯೆಯನ್ನೇ ಹಿಡಿದು 1801ರ ಜನಗಣತಿಯಲ್ಲಿ ಹುಡುಕಿ, ಯಾರದೋ ಸಂಸಾರವನ್ನು ನಾನು ನೋಡುತ್ತಿದ್ದ ಮನೆಯದೆಂದು ಬರೆದುಕೊಂಡಿದ್ದೆ. ಕೋಪನ್‌ಹೇಗನ್ನಿನಲ್ಲಿ ಬೀದಿವಾರು ಸಂಖ್ಯೆ ಬಂದದ್ದು 1859ರಲ್ಲಿ. ಅದಕ್ಕೆ ಮೊದಲು ಊರನ್ನು ಕ್ವಾರ್ಟರ್ ಎಂಬ ವಿಭಾಗಗಳಾಗಿ ಹಂಚಿ, ಪ್ರತಿ ವಿಭಾಗದ ನಿವೇಶನಗಳಿಗೆ ಕ್ರಮಸಂಖ್ಯೆ ಕೊಟ್ಟಿದ್ದರು. ಆ ಸಂಖ್ಯೆಗಳೂ 1689, 1756 ಮತ್ತು 1806ರ ನೋಂದಣಿಗಳಲ್ಲಿ ಬದಲಾದವು. ಆದ್ದರಿಂದ ದತ್ತಾಂಶಕೋಶದಲ್ಲಿರುವ ಇಂದಿನ ನಿವೇಶನ ಸಂಖ್ಯೆಯಿಂದ ಆರಂಭಿಸಿ, ಒಂದೊಂದೇ ನೋಂದಣಿಯ ಮೂಲಕ ಹಿಂದಕ್ಕೆ ಹೋಗಬೇಕು. ಜಾಗದ ಹೆಸರೂ ಬದಲಾಗಿರಬಹುದು. ದೇಶದ್ರೋಹಿ ಎಂದು ತೀರ್ಪಾದ ಕೋರ್ಫಿಟ್ಸ್ ಉಲ್ಫೆಲ್ಟ್‌ನ ಅರಮನೆಯನ್ನು ನೆಲಸಮ ಮಾಡಿ ಅಲ್ಲಿ ಅವಮಾನದ ಕಂಬ ನಿಲ್ಲಿಸಿದ ಕಾರಣ, ಗ್ರೋಬ್ರೋದ್ರೆತೋರ್ವ್ ಬಹುಕಾಲ ಉಲ್ಫೆಲ್ಟ್ ಚೌಕವೆಂದೇ ದಾಖಲೆಗಳಲ್ಲಿದೆ. ಈಗಿನ ಹೆಸರು ಬಂದದ್ದು 1841ರಲ್ಲಿ.

ದಾಖಲೆಗಳಲ್ಲಿ ಅತ್ಯಂತ ಬೆಲೆಯುಳ್ಳದ್ದು ಬೆಂಕಿವಿಮೆಯ ಅಂದಾಜುಪಟ್ಟಿ. 1731ರಲ್ಲಿ ನಗರದ ಬೆಂಕಿವಿಮಾ ಸಂಸ್ಥೆ ಶುರುವಾದಂದಿನಿಂದ ಅಂದಾಜುದಾರರು ಮನೆಮನೆಗೂ ಹೋಗಿ ಎಷ್ಟು ಅಂತಸ್ತು, ಎಷ್ಟು ‘ಫಾಗ್’ (ಕಿಟಕಿಯ ಒಂದು ಅಗಲಕ್ಕೆ ಒಂದು ಫಾಗ್), ಗೋಡೆ ಇಟ್ಟಿಗೆಯದೋ ಮರದ ಚೌಕಟ್ಟಿನದೋ, ಒಲೆ ಎಷ್ಟು, ಹಲಗೆಹೊದಿಕೆ ಎಲ್ಲಿ ಎಂದು ಬರೆದಿದ್ದಾರೆ. ಅಳತೆ ‘ಆಲೆನ್’ನಲ್ಲಿರುತ್ತದೆ, ಒಂದು ಆಲೆನ್ ಸುಮಾರು 62.8 ಸೆಂಟಿಮೀಟರ್. ಎರಡು ಬೇರೆ ಬೇರೆ ವರ್ಷಗಳ ಪಟ್ಟಿಗಳನ್ನು ಪಕ್ಕಪಕ್ಕ ಇಟ್ಟು, ಒಂದರಲ್ಲಿಲ್ಲದ ಅಂತಸ್ತು ಇನ್ನೊಂದರಲ್ಲಿದ್ದರೆ, ಅಂಗಳದಲ್ಲಿ ನೀವು ಮಾಡಿದ ಊಹೆಗೆ ಸಾಕ್ಷಿ ಸಿಕ್ಕಂತಾಯಿತು. ಕೈಬರಹ ಗೋಥಿಕ್ ಲಿಪಿಯಲ್ಲಿರುವುದರಿಂದ ಮೊದಲ ಎರಡು ಪುಟ ತಲೆಕೆಡಿಸುತ್ತವೆ. ಒಬ್ಬನೇ ಬರಹಗಾರನ ಅಕ್ಷರಗಳ ಪಟ್ಟಿ ಮಾಡಿಕೊಂಡರೆ ಮೂರನೆಯ ಪುಟದಿಂದ ಕಣ್ಣು ಪಳಗುತ್ತದೆ.

ಮನೆಯೊಳಗೆ ಇದ್ದವರಿಗಾಗಿ 1787, 1801, 1834, 1840, 1845 ಮತ್ತು ನಂತರದ ಜನಗಣತಿಗಳು ರಾಷ್ಟ್ರೀಯ ಪತ್ರಾಗಾರದಲ್ಲಿ ಉಚಿತವಾಗಿ ಅಂತರ್ಜಾಲದಲ್ಲೇ ಸಿಗುತ್ತವೆ. ಹುಟ್ಟೂರು ಬೇಕಿದ್ದರೆ 1845ರದ್ದನ್ನೋ ಅದರ ನಂತರದ್ದನ್ನೋ ನೋಡಬೇಕು, ಹಿಂದಿನವುಗಳಲ್ಲಿ ಅದನ್ನು ಕೇಳಿಯೇ ಇರಲಿಲ್ಲ. 1890ರಿಂದ 1923ರವರೆಗಿನ ಅವಧಿಗೆ ಕೋಪನ್‌ಹೇಗನ್ ಪೊಲೀಸರು ಇಟ್ಟ ವಿಳಾಸದ ಚೀಟಿಗಳಿವೆ, ಯಾರು ಯಾವ ತಿಂಗಳು ಯಾವ ಮನೆಯ ಯಾವ ಮಹಡಿಗೆ ಬಂದರೆಂಬುದು ಅವುಗಳಲ್ಲಿದೆ. ಗಣತಿಯ ಪುಟವನ್ನು ಓದುವಾಗ ಮುಂಮನೆಯ ಮೊದಲ ಮಹಡಿಯ ವರ್ತಕನ ಹೆಸರಿಗೆ ನಿಲ್ಲದೆ ಕೊನೆಯ ಸಾಲಿನವರೆಗೂ ಹೋಗಿ. ಹಿಂಮನೆಯ ಅಟ್ಟದಲ್ಲಿ ಬಾಡಿಗೆಗಿದ್ದ ಹೊಲಿಗೆಯವಳು, ಬೀದಿಯಿಂದ ನಾಲ್ಕು ಮೆಟ್ಟಿಲು ಕೆಳಗಿನ ನೆಲಮಾಳಿಗೆಯಲ್ಲಿ ಸಾರಾಯಿ ಅಂಗಡಿ ಇಟ್ಟುಕೊಂಡಿದ್ದ ಸಂಸಾರ, ಅವರ ಜೊತೆಗೆ ಮಲಗುತ್ತಿದ್ದ ಇಬ್ಬರು ನಾವಿಕರು, ಇಂಥವರು ಕಾಣಸಿಗುವುದು ಪುಟದ ತಳದಲ್ಲಿ.